ಬೆಂಕಿ ಕಾಣದ ಸ್ಯಾಂಡ್‌ವಿಚ್

ಸ್ಯಾಂಡ್‌ವಿಚ್ ಮಾಡಲು ನಿಂತಾಗಲೆಲ್ಲ ನನಗೆ ಮೊದಲು ಸಭೆಗೊಂದು ನಮಸ್ಕಾರ ಹಾಕಿಬಿಡಬೇಕು ಅನ್ನಿಸುತ್ತದೆ. ಸೌತೆಕಾಯಿಯ ತುದಿ ಕತ್ತರಿಸಿ, ಕಹಿ ಹೋಗಲೆಂದು ಆ ತುಂಡನ್ನೇ ಕಾಯಿಗೆ ಉಜ್ಜಿ ಉಜ್ಜಿ ನೊರೆ ಬರಿಸುತ್ತಿರುವಾಗ ಬೆನ್ನು ತಾನಾಗಿ ನೆಟ್ಟಗಾಗುತ್ತದೆ, ಗಂಟಲು ಸರಿಯಾಗುತ್ತದೆ, "ಮಾನ್ಯ ಅಧ್ಯಕ್ಷರೇ, ಸನ್ಮಾನ್ಯ ತೀರ್ಪುಗಾರರೇ" ಎಂಬ ಮಾತು ನಾಲಿಗೆಯ ತುದಿಗೆ ಬಂದು ನಿಲ್ಲುತ್ತದೆ. ಎದುರಿಗೆ ಅಧ್ಯಕ್ಷರಾಗಲಿ ತೀರ್ಪುಗಾರರಾಗಲಿ ಇರುವುದಿಲ್ಲ. ಕುಕ್ಕರಿನ ಸೀಟಿಗೆ ಕಾದು ನಿಂತ ಅಮ್ಮ ಇರುತ್ತಾಳೆ.

"ಅದು ಸೌತೆಕಾಯಿ ಕಣೇ, ಆರೋಪಿ ಅಲ್ಲ. ಬೇಗ ಹೆಚ್ಚಿ ಮುಗಿಸು," ಅನ್ನುತ್ತಾಳೆ.

ಅಮ್ಮನಿಗೆ ವಿವರಿಸಿ ಪ್ರಯೋಜನವಿಲ್ಲ, ಅವಳಿಗೆ ಎಲ್ಲವೂ ಗೊತ್ತು. ನಿಮಗಾದರೆ ಹೇಳಬಹುದು. ಬೇರೆಯವರ ಮನೆಯಲ್ಲಿ ಸ್ಯಾಂಡ್‌ವಿಚ್ ಎಂದರೆ ಎರಡು ಬ್ರೆಡ್ಡಿನ ನಡುವೆ ಒಂದಿಷ್ಟು ಹಸಿ ತರಕಾರಿ, ಒಂದು ಚೀಸು. ನಮ್ಮ ಮನೆಯಲ್ಲಿ ಅದು ನಾನು ಜೀವಮಾನದಲ್ಲಿ ಕಟ್ಟಿದ ಅತ್ಯಂತ ಬಿಗಿಯಾದ ವಾದ. ಅಷ್ಟು ಬಿಗಿಯಾದ ವಾದ ಭದ್ರಾವತಿಯ ಒಂದು ಹಜಾರದಲ್ಲಿ ಹೇಗೆ ಬಿಚ್ಚಿಕೊಂಡಿತು ಅನ್ನುವುದು ಈ ಬರಹದ ವಿಷಯ. ವಿಷಯಾಂತರ ಮಾಡುತ್ತೇನೆ, ಸಹಿಸಿಕೊಳ್ಳಿ. ಚರ್ಚಾಸ್ಪರ್ಧೆಯಲ್ಲಿ ಗಂಟೆ ಬಾರಿಸಿ ಕೂರಿಸುತ್ತಿದ್ದರು; ಇಲ್ಲಿ ಆ ಗಂಟೆ ಇಲ್ಲ.

ಶಾಲೆಯಿಂದ ಹಿಡಿದು ಕಾಲೇಜು ಮುಗಿಯುವವರೆಗೆ ಶಿವಮೊಗ್ಗದಲ್ಲಿ ಮೈಕು ಇರುವ ಯಾವ ಸಭಾಂಗಣವನ್ನೂ ನಾನು ಬಿಟ್ಟಿಲ್ಲ. ಪರವೋ ವಿರೋಧವೋ ಅನ್ನುವುದನ್ನು ಚೀಟಿ ಎತ್ತಿ ತೀರ್ಮಾನಿಸುತ್ತಿದ್ದರು. ಮೊಬೈಲು ವರ ಎಂದು ಗೆದ್ದ ನಾಲಿಗೆಯಿಂದಲೇ ಮೊಬೈಲು ಶಾಪ ಎಂದೂ ಗೆದ್ದಿದ್ದೇನೆ. ಹೀಗೆ ಎರಡೂ ಕಡೆ ಗೆದ್ದವರಿಗೆ ಆಮೇಲೆ ಯಾವುದರ ಮೇಲೂ ನಂಬಿಕೆ ಉಳಿಯುವುದಿಲ್ಲ. ಗೆದ್ದ ಬಹುಮಾನಗಳಲ್ಲಿ ಪ್ಲಾಸ್ಟಿಕ್ಕಿನ ಕಪ್ಪುಗಳು ಷೋಕೇಸಿನಲ್ಲಿ ಧೂಳು ತಿನ್ನುತ್ತಿವೆ. ಸ್ಟೀಲಿನ ಡಬ್ಬಿಗಳಲ್ಲಿ ಅಮ್ಮ ಹುರಿಗಡಲೆ, ಸಾಸಿವೆ ತುಂಬಿಟ್ಟಿದ್ದಾಳೆ. ನನ್ನ ವಾಕ್ಚಾತುರ್ಯದಿಂದ ಮನೆಗೆ ಆದ ಲಾಭ ಅದಿಷ್ಟೇ ಎಂದು ಆಗಾಗ ನೆನಪಿಸುತ್ತಲೂ ಇರುತ್ತಾಳೆ.

ಆದರೆ ನಾನು ಮಾತು ಕಲಿತದ್ದು ಸಭಾಂಗಣದಲ್ಲಲ್ಲ, ಹೊಸಮನೆ ಬಡಾವಣೆಯ ನಮ್ಮ ಮನೆಯ ಊಟದ ಪಂಕ್ತಿಯಲ್ಲಿ. ಅಪ್ಪ ಹೈಸ್ಕೂಲಿನಲ್ಲಿ ಸಂಸ್ಕೃತ ಮೇಷ್ಟ್ರಾಗಿ ನಿವೃತ್ತನಾದವನು. ನಮ್ಮಲ್ಲಿ ಇನ್ನೊಂದು ಸೌಟು ಪಾಯಸ ಬೇಕಿದ್ದರೂ ಕಾರಣ ಕೊಡಬೇಕಿತ್ತು. ಕೊಟ್ಟ ಕಾರಣಕ್ಕೆ ಅಪ್ಪ ಪೂರ್ವಪಕ್ಷ ಹೂಡುತ್ತಿದ್ದ. ಅದನ್ನು ಖಂಡಿಸಿ ಸಿದ್ಧಾಂತ ಸ್ಥಾಪಿಸುವಷ್ಟರಲ್ಲಿ ಪಾಯಸದ ಮೇಲೆ ಕೆನೆ ಕಟ್ಟಿರುತ್ತಿತ್ತು. ವಾದದಲ್ಲಿ ಅಪ್ಪನನ್ನು ಸೋಲಿಸುವುದು ಕಷ್ಟ. ಅವನ ಮೂಗಿಗೆ ಮೋಸ ಮಾಡುವುದು ಇನ್ನೂ ಕಷ್ಟ. ಕೋಟೆಯ ಬೀದಿಯಲ್ಲಿ ನನ್ನ ಕೈ ಹಿಡಿದು ನಡೆಸಿಕೊಂಡು ಹೋಗುವಾಗ, ಯಾವ ಮನೆಯಲ್ಲಿ ಸಾರಿಗೆ ಇಂಗು ಜಾಸ್ತಿ ಬಿತ್ತು, ಯಾವ ಮನೆಯಲ್ಲಿ ಹಾಲು ತಳ ಹಿಡಿಯಿತು ಎಂದು ಕಿಟಕಿ ನೋಡದೆ ಹೇಳುತ್ತಿದ್ದ. ಈ ಮೂಗನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಇನ್ನು ಬ್ರೆಡ್ಡಿನ ವಿಷಯ. ನಾನು ಚಿಕ್ಕವಳಿದ್ದಾಗ ನಮ್ಮ ಮನೆಯಲ್ಲಿ ಬ್ರೆಡ್ಡು ತಿಂಡಿಯಲ್ಲ, ಔಷಧ. ಜ್ವರ ಬಂದವರಿಗೆ ಮಾತ್ರ ಬರುತ್ತಿತ್ತು. ಜ್ವರ ಬಿಟ್ಟ ದಿನ ಉಳಿದ ಚೂರುಗಳೂ ದನದ ಪಾಲಾಗುತ್ತಿದ್ದವು. ಬ್ರೆಡ್ಡಿನ ಅಂಗಡಿಗಳು ಆಸ್ಪತ್ರೆಯ ಒಳಗಿರುತ್ತವೆ ಎಂದೇ ನಾನು ಬಹಳ ಕಾಲ ನಂಬಿದ್ದೆ. ಪಕ್ಕದ ಮನೆಯ ಹುಡುಗಿ ಆರೋಗ್ಯವಾಗಿದ್ದುಕೊಂಡು ಬ್ರೆಡ್ಡಿಗೆ ಜಾಮ್ ಹಚ್ಚಿ ತಿನ್ನುವುದನ್ನು ಕಂಡಾಗ ನನಗಾದ ಆಘಾತ ದೊಡ್ಡದು. ಆರಾಮಾಗಿರುವವರು ಸಲೈನು ಹಾಕಿಸಿಕೊಂಡು ಕೂತ ಹಾಗೆ ಕಂಡಿತ್ತು.

ಔಷಧವಾದ್ದರಿಂದ ಬ್ರೆಡ್ಡಿಗೆ ಮಡಿ ಮೈಲಿಗೆಯ ತಕರಾರು ಇರಲಿಲ್ಲ. ಆದರೂ ಅಪ್ಪ ಅಯ್ಯಂಗಾರ್ ಬೇಕರಿ ಎಂದು ಬೋರ್ಡು ಇದ್ದಲ್ಲಿ ಮಾತ್ರ ಕೊಳ್ಳುತ್ತಿದ್ದ.

"ಒಳಗೆ ಹಿಟ್ಟು ನಾದೋದು ಯಾರು ಅಂತ ನೋಡಿದೀಯಾ ಅಪ್ಪ?" ಎಂದು ಒಮ್ಮೆ ಕೇಳಿದ್ದೆ.

"ನಾನು ಗಿರಾಕಿ ಕಣೇ, ಇನ್‌ಸ್ಪೆಕ್ಟರ್ ಅಲ್ಲ. ಬೋರ್ಡು ಕಾಣುತ್ತೆ, ಓದ್ತೀನಿ. ಗೋಡೆ ಆಚೆ ಕಾಣಲ್ಲ."

ಕಾಣದ್ದು ಇಲ್ಲ ಎನ್ನುವ ಈ ಉದಾರ ತತ್ವ ಶಿವಮೊಗ್ಗದ ಎಲ್ಲ ಒಲೆಗಳಿಗೂ ಅನ್ವಯಿಸುತ್ತಿತ್ತು. ಹೋಟೆಲಿನ ಮಸಾಲೆ ದೋಸೆ, ಮದುವೆಮನೆಯ ಬಿಸಿಬೇಳೆಬಾತು, ಬಸ್‌ಸ್ಟ್ಯಾಂಡಿನ ಕಾಫಿ, ಎಲ್ಲವೂ ಸೈ. ಒಂದೇ ಒಂದು ಒಲೆ ಬಿಟ್ಟು. ಅದು ಭದ್ರಾವತಿಯ ಗಿರಿಜತ್ತೆಯ ಒಲೆ.

ಗಿರಿಜತ್ತೆ ಅಪ್ಪನ ಒಬ್ಬಳೇ ತಂಗಿ. ನಾನು ಹುಟ್ಟುವುದಕ್ಕೆ ಮೊದಲೇ, ಮನೆಯಲ್ಲಿ ಹೇಳದೆ, ಕಾರ್ಖಾನೆಯಲ್ಲಿ ಫಿಟ್ಟರ್ ಆಗಿದ್ದ ಸೆಲ್ವರಾಜ್ ಅವರನ್ನು ರಿಜಿಸ್ಟರ್ ಮದುವೆಯಾಗಿ ಕ್ವಾರ್ಟರ್ಸು ಸೇರಿದವಳು. ಸೆಲ್ವಮಾಮನ ಮನೆಮಾತು ತಮಿಳು, ಜಾತಿ ಬೇರೆ. ಅಜ್ಜ ಅಜ್ಜಿ ಕೂಗಾಡಿದರಂತೆ, ಅತ್ತರಂತೆ, ಆಮೇಲೆ ಎಲ್ಲರ ಹಾಗೆ ಸೋತು ಸುಮ್ಮನಾದರಂತೆ. ಅಪ್ಪ ಮಾತ್ರ ಕೂಗಾಡಲಿಲ್ಲ. ಮದುವೆಯಾದ ವರ್ಷವೇ ಗೌರಿ ಹಬ್ಬದ ಉಡುಗೊರೆ ತೆಗೆದುಕೊಂಡು ಭದ್ರಾವತಿಗೆ ಹೋದ. ಅತ್ತೆ ಎಲೆ ಹಾಕಿದಳು. ಅಪ್ಪ, "ಹೊಟ್ಟೆ ತುಂಬಿದೆ. ಒಂದು ಬಾಳೆಹಣ್ಣು ಕೊಡು ಸಾಕು," ಅಂದ.

ಅಂದಿನಿಂದ ಅದು ಶಾಸ್ತ್ರವಾಯಿತು. ಪ್ರತಿವರ್ಷ ಹಬ್ಬದ ಹಿಂದಿನ ಭಾನುವಾರ ಅಪ್ಪ ಸೀರೆ, ಬಳೆ, ಅರಿಶಿನ ಕುಂಕುಮ ಹಿಡಿದು ಹೋಗುತ್ತಾನೆ. ಹೊಟ್ಟೆ ತುಂಬಿದೆ ಅನ್ನುತ್ತಾನೆ. ಬಾಳೆಹಣ್ಣು ತಿಂದು ಬರುತ್ತಾನೆ. ನಮ್ಮಲ್ಲಿ ಎಷ್ಟೋ ಶಾಸ್ತ್ರಗಳು ಹುಟ್ಟಿದ್ದೇ ಹೀಗೆ ಎಂಬುದು ನನ್ನ ಗುಮಾನಿ. ಯಾರೋ ಒಬ್ಬರು ಸಿಟ್ಟಿನಲ್ಲಿ ಒಂದು ದಿನ ಊಟ ಬಿಟ್ಟಿರುತ್ತಾರೆ, ಸಿಟ್ಟು ಇಳಿದ ಮೇಲೂ ಎಲೆಯ ಮುಂದೆ ಕೂರಲು ನಾಚಿಕೆಯಾಗಿರುತ್ತದೆ, ಅಷ್ಟೇ. ಮುಂದಿನವರು ಅದಕ್ಕೆ ವ್ರತ ಎಂದು ಹೆಸರಿಡುತ್ತಾರೆ. ನಾನು ಅಪ್ಪನ ಆಚರಣೆಯನ್ನು ಸೂತ್ರರೂಪಕ್ಕೆ ಇಳಿಸಿದ್ದೆ: ಆ ಮನೆಯ ಒಲೆಯ ಬೆಂಕಿ ಕಂಡದ್ದು ಬಾಯಿಗೆ ಹೋಗುವ ಹಾಗಿಲ್ಲ. ಅಪ್ಪ ಅದನ್ನು ಒಪ್ಪಲಿಲ್ಲ, ನಿರಾಕರಿಸಲೂ ಇಲ್ಲ.

"ಹೋಟೆಲಿನ ಒಲೆ ಯಾರದ್ದು ಅಪ್ಪ? ಅಲ್ಲಿ ತಿಂತೀಯ. ತಂಗಿ ಒಲೆ ಆಗಲ್ವಾ?" ಎಂದು ಕಾಲೇಜಿನ ಹುಮ್ಮಸ್ಸಿನಲ್ಲಿ ಕೇಳಿದ್ದೆ.

"ಹೋಟೆಲಿನವನು ನಂಗೆ ಏನಾಗಬೇಕು?" ಅಂದ ಅಪ್ಪ.

ಉತ್ತರ ದುರ್ಬಲವಾಗಿದೆ ಎಂದು ತೀರ್ಪು ಕೊಟ್ಟು ನಾನು ಎದ್ದುಹೋಗಿದ್ದೆ. ಎದುರಾಳಿಯ ಉತ್ತರವನ್ನು ಪೂರ್ತಿ ಕೇಳಿಸಿಕೊಳ್ಳಬೇಕು ಎಂದು ಚರ್ಚಾಸ್ಪರ್ಧೆಯಲ್ಲಿ ಯಾರೂ ಕಲಿಸುವುದಿಲ್ಲ.

ಅತ್ತ ಅತ್ತೆ ಬಾಳೆಹಣ್ಣನ್ನೇ ಒಂದು ಅಡುಗೆಯ ಮಟ್ಟಕ್ಕೆ ಏರಿಸಿದ್ದಳು. ಪುಟ್ಟಬಾಳೆಯೇ ಆಗಬೇಕು, ಭಾನುವಾರಕ್ಕೆ ಸರಿಯಾಗಿ ಹಣ್ಣಾಗಬೇಕು, ಸಿಪ್ಪೆಯ ಮೇಲೆ ಒಂದೂ ಕಪ್ಪು ಚುಕ್ಕಿ ಇರಬಾರದು ಎಂದು ವಾರದ ಮುಂಚೆಯೇ ಗೊನೆ ತರಿಸಿ ಗೋಣಿಚೀಲ ಹೊದಿಸಿ ಇಡುತ್ತಿದ್ದಳು. ತಟ್ಟೆ ತೊಳೆದು ಒರೆಸಿ ಅದರಲ್ಲಿಟ್ಟು ಕೊಡುತ್ತಿದ್ದಳು. ಅಪ್ಪ ತಿಂದು, "ಹಣ್ಣು ಚೆನ್ನಾಗಿದೆ," ಅನ್ನುತ್ತಿದ್ದ. ಅವಳು, "ಹೌದಾ ಅಣ್ಣ?" ಅನ್ನುತ್ತಿದ್ದಳು. ಬಾಳೆಗಿಡದ ಪರವಾಗಿ ಪ್ರಶಸ್ತಿ ಸ್ವೀಕರಿಸುವಾಗ ಇರಬೇಕಾದ ಸಂಕೋಚ ಅವಳ ಮುಖದಲ್ಲಿ ಇರುತ್ತಿತ್ತು.

ಮೊನ್ನೆ ಮೊನ್ನೆಯ ಒಂದು ಆಷಾಢದಲ್ಲಿ ಈ ವ್ಯವಸ್ಥೆ ಕುಸಿಯಿತು. ಕುಸಿಯುವಂತೆ ಮಾಡಿದ್ದು ಪ್ರಗತಿಪರ ಚಿಂತನೆಯಲ್ಲ, ರಕ್ತಪರೀಕ್ಷೆ. ಅಪ್ಪನ ಸಕ್ಕರೆ ಅಂಶ ಏರಿತ್ತು. ಡಾಕ್ಟರು ಚೀಟಿ ಬರೆಯುತ್ತ, "ಬಾಳೆಹಣ್ಣು ಮುಟ್ಟೋ ಹಾಗಿಲ್ಲ ಮೇಷ್ಟ್ರೇ. ಸೌತೆಕಾಯಿ, ಟೊಮೆಟೊ, ಹಸಿ ತರಕಾರಿ ಎಷ್ಟು ಬೇಕಾದ್ರೂ ತಿನ್ನಿ," ಅಂದರು. ಅನ್ನ ಕಮ್ಮಿ ಮಾಡಿ ಅಂದಾಗ ತಲೆಯಾಡಿಸಿದ್ದ ಅಪ್ಪ, ಬಾಳೆಹಣ್ಣಿನ ಮಾತು ಬಂದದ್ದೇ ಬೆಚ್ಚಿಬಿದ್ದ.

"ವರ್ಷಕ್ಕೆ ಒಂದು?" ಎಂದು ಕೇಳಿದ.

ಡಾಕ್ಟರು ನಕ್ಕರು. ಅವರಿಗೆ ಅದು ನಗುವ ವಿಷಯವೇ. ಭದ್ರಾವತಿಯಲ್ಲಿ ಅಪ್ಪ ತಿನ್ನಬಹುದಾದ ಏಕೈಕ ವಸ್ತು ನಿಷೇಧವಾಯಿತು ಎಂದು ಅವರಿಗೇನು ಗೊತ್ತು?

ಶ್ರಾವಣ ಕಳೆಯುತ್ತಿದ್ದ ಹಾಗೆ ಅಪ್ಪನ ಚಡಪಡಿಕೆ ಹೆಚ್ಚಿತು. "ಈ ಸಲ ಸೀರೆ ನೀನೇ ಕೊಟ್ಟು ಬಾ ಪುಟ್ಟಿ. ನಂಗೆ ಮಂಡಿನೋವು," ಅಂದ. ಹಿಂದಿನ ದಿನವಷ್ಟೇ ಹೊಳಲೂರಿನಲ್ಲಿ ಯಾರದೋ ಸತ್ಯನಾರಾಯಣ ಪೂಜೆಗೆ ಹೋಗಿ ಪದ್ಮಾಸನ ಹಾಕಿ ಉಂಡು ಬಂದಿದ್ದ ಮಂಡಿ ಅದು.

ಅದೇ ಸಂಜೆ ಅತ್ತೆಯ ಫೋನು ಬಂತು. "ಅಣ್ಣ ಬರಲ್ವಂತೆ, ಹೌದೇನೇ?"

"ಶುಗರು ಅತ್ತೆ. ಬಾಳೆಹಣ್ಣು ತಿನ್ನೋ ಹಾಗಿಲ್ಲ."

ಅತ್ತೆ, "ಒಂದಲ್ಲ ಒಂದು ವರ್ಷ ನನ್ನ ಕೈಯಲ್ಲಿ ಮಾಡಿದ್ದು ಏನಾದ್ರೂ ಒಂದು ತುತ್ತು ತಿಂತಾನೆ ಅಂತ ಕಾಯ್ತಿದ್ದೆ ನೋಡು. ಈಗ ಇದ್ದ ಬಾಳೆಹಣ್ಣೂ ಹೋಯ್ತು," ಅಂದು ನಕ್ಕಳು. ಆ ನಗು ನನಗೆ ಸರಿಬರಲಿಲ್ಲ. ನಾನು ಭಾವುಕಳಲ್ಲ, ಆದರೆ ಗೆಲ್ಲಬಹುದಾದ ಪ್ರಕರಣವೊಂದು ವಕೀಲರಿಲ್ಲದೆ ಸೋಲುವುದನ್ನು ಕಂಡರೆ ಮೈ ಉರಿಯುತ್ತದೆ.

ಪರಿಹಾರ ಹೊಳೆದದ್ದು ಡಾಕ್ಟರ ಚೀಟಿಯಿಂದಲೇ. ಹಸಿ ತರಕಾರಿ. ಹಸಿ ತರಕಾರಿ ಒಲೆ ಕಂಡದ್ದಲ್ಲ. ಬೆಣ್ಣೆ ಒಲೆ ಕಂಡದ್ದಲ್ಲ. ಬ್ರೆಡ್ಡು ಒಲೆ ಕಂಡಿದೆ, ಆದರೆ ಬೇಕರಿಯ ಒಲೆ, ಬೋರ್ಡು ಸಮೇತ. ಚೀಸು ಎಲ್ಲೋ ದೂರದ ಡೈರಿಯಿಂದ ಬಂದದ್ದು. ಇವೆಲ್ಲವನ್ನೂ ಅತ್ತೆ ತನ್ನ ಕೈಯಾರೆ ಜೋಡಿಸಿದರೆ? ಅವಳ ಕೈಯಡುಗೆಯೂ ಆಯಿತು, ಅವಳ ಒಲೆಯ ಬೆಂಕಿಯೂ ತಾಗಲಿಲ್ಲ! ಶಾಸ್ತ್ರಕ್ಕೆ ಭಂಗವಿಲ್ಲ, ಸಕ್ಕರೆ ಏರುವುದಿಲ್ಲ, ತಂಗಿಯ ಆಸೆ ಈಡೇರುತ್ತದೆ. ನನ್ನ ಬುದ್ಧಿಗೆ ನಾನೇ ಬೆರಗಾದೆ.

ಅಪ್ಪನ ಮುಂದೆ ಮಂಡಿಸುವ ಮೊದಲು ಮಾದರಿ ತಯಾರಿಸಬೇಕಲ್ಲ. ಮೊಬೈಲಿನಲ್ಲಿ ವಿಡಿಯೋ ಹಾಕಿಕೊಂಡು ನಾನು ಅಮ್ಮ ಅಡುಗೆಮನೆಯಲ್ಲಿ ನಿಂತೆವು. ಹಸಿ ಸ್ಯಾಂಡ್‌ವಿಚ್ಚಿಗೆ ನೀರೇ ಶತ್ರು. ಸೌತೆಕಾಯಿ ತೆಳ್ಳಗೆ ಬಿಲ್ಲೆ ಹೆಚ್ಚಿ ಬಟ್ಟೆಯ ಮೇಲೆ ಹರಡಿ ಒತ್ತಬೇಕು. ಟೊಮೆಟೊ ಬೀಜ, ರಸ ತೆಗೆದು ಗಟ್ಟಿ ಭಾಗ ಮಾತ್ರ ಇಡಬೇಕು. ಬೆಣ್ಣೆಯನ್ನು ಬ್ರೆಡ್ಡಿನ ಮೂಲೆ ಮೂಲೆಗೂ ಸವರಿದರೆ ಅದೇ ಒಂದು ಗಾರೆಯ ಹಾಗೆ ನಿಂತು ನೀರು ಇಳಿಯಲು ಬಿಡುವುದಿಲ್ಲ. ಅದರ ಮೇಲೆ ಕೊತ್ತಂಬರಿ ಪುದೀನ ಹಸಿಮೆಣಸಿನ ಚಟ್ನಿ, ತರಕಾರಿ, ಕ್ಯಾರೆಟ್ ತುರಿ, ನಡುವೆ ಚೀಸು. ಉಪ್ಪು ಮಾತ್ರ ಕೊನೆಗೆ, ತಿನ್ನುವ ಗಳಿಗೆಯಲ್ಲಿ. ಮೊದಲೇ ಹಾಕಿದರೆ ತರಕಾರಿ ನೀರು ಬಿಟ್ಟು ಬ್ರೆಡ್ಡು ಮುದ್ದೆಯಾಗುತ್ತದೆ. ಅಮ್ಮ ಎಲ್ಲವನ್ನೂ ವಿಡಿಯೋದಲ್ಲಿದ್ದ ಹುಡುಗಿಗಿಂತ ಚೆನ್ನಾಗಿ ಮಾಡಿ, ಮೂಲೆಯಿಂದ ಮೂಲೆಗೆ ಕತ್ತರಿಸಿ ಅಪ್ಪನ ಮುಂದಿಟ್ಟಳು.

ಅಪ್ಪ ಕಚ್ಚಿದ. ಅಗಿದ. ಬಹಳ ಹೊತ್ತು ಅಗಿದ.

"ಹೇಗಿದೆ ರೀ?"

"ತರಕಾರಿ ಚೆನ್ನಾಗಿದೆ. ಈ ಚೀಸು ಅನ್ನೋದು ಸ್ವಲ್ಪ ನಾರು ನಾರು. ಹಲ್ಲಿಗೆ ಬಗ್ಗಲ್ಲ ಮಾರಾಯ್ತಿ."

ಬಿಚ್ಚಿ ನೋಡಿದೆ. ಚೀಸಿನ ಪ್ರತಿ ಹಾಳೆಗೂ ಸುತ್ತಿರುವ ತೆಳು ಪ್ಲಾಸ್ಟಿಕ್ ಕವರನ್ನು ಅಮ್ಮ ಬಿಚ್ಚಿರಲಿಲ್ಲ. ಅದೂ ಚೀಸಿನ ಸಿಪ್ಪೆ, ಸತ್ವ ಅದರಲ್ಲೇ ಇರುತ್ತದೆ ಎಂದುಕೊಂಡಿದ್ದಳಂತೆ.

ಕವರು ಬಿಚ್ಚಿದ ಇನ್ನೊಂದನ್ನು ಕೊಟ್ಟು ನಾನು ವಾದ ಮಂಡಿಸಿದೆ. ಅಪ್ಪ ಸುಲಭಕ್ಕೆ ಬಿಡುವವನಲ್ಲ.

"ಚೀಸು ಅಂದ್ರೆ ಒಡೆದ ಹಾಲು ತಾನೆ? ಹಬ್ಬದ ಉಡುಗೊರೆ ಕೊಡೋ ದಿನ ಒಡೆದ ಹಾಲು ತಿಂತಾರಾ?"

"ಒಡೆದದ್ದಲ್ಲ, ಒಡೆಸಿದ್ದು. ಮೊಸರಿನ ದೂರದ ಸಂಬಂಧಿ ಅಂದ್ಕೋ."

"ಚಟ್ನಿಗೆ ಹುರಿಗಡಲೆ ಹಾಕಿದೀರಿ. ಹುರಿದದ್ದು ಬೆಂಕಿ ಕಂಡಿಲ್ವಾ?"

"ಕಂಡಿದೆ. ಆದ್ರೆ ಗಾಂಧಿಬಜಾರಿನ ಭಟ್ಟಿಯ ಬೆಂಕಿ. ಭದ್ರಾವತಿದಲ್ಲ."

ಅಪ್ಪ ನಾಲಿಗೆಯನ್ನು ಅಂಗುಳಕ್ಕೆ ತಾಗಿಸಿ ಅಂಟಿದ ಬ್ರೆಡ್ಡನ್ನು ಬಿಡಿಸಿಕೊಳ್ಳುತ್ತ ಯೋಚಿಸಿದ. "ಹಸಿ ಬ್ರೆಡ್ಡು ಅಂಟುತ್ತೆ," ಎಂದು ಗೊಣಗಿದ. ಆಮೇಲೆ, "ಒಲೆ ಹಚ್ಚಲ್ಲ ಅಂದ್ರೆ ಅಡ್ಡಿ ಇಲ್ಲ," ಅಂದ. ಮಂಡಿನೋವು ಆ ಕ್ಷಣಕ್ಕೇ ವಾಸಿಯಾಯಿತು.

ಭದ್ರಾವತಿಗೆ ಫೋನು ಮಾಡಿದೆ. "ಅತ್ತೆ, ಒಂದೇ ಷರತ್ತು. ಒಲೆ ಹಚ್ಚೋ ಹಾಗಿಲ್ಲ."

"ಒಲೆ ಹಚ್ಚದೆ ಅಣ್ಣಂಗೆ ಏನು ಬಡಿಸ್ಲೇ? ಗಾಳಿನಾ?"

"ಸ್ಯಾಂಡ್‌ವಿಚ್."

ಹಿಂದಿನಿಂದ ಸೆಲ್ವಮಾಮನ ದನಿ ಕೇಳಿತು. "ಅಯ್ಯಯ್ಯೋ, ಸ್ಯಾಂಡ್‌ವಿಚ್ಚಾ? ನೈಟ್ ಶಿಫ್ಟಿಗೆ ಅದು ಕಟ್ಟಿಕೊಡಮ್ಮಾ ಅಂದ್ರೆ, ಅದೆಲ್ಲ ಊಟನಾ ಅಂತ ಬೈತಿದ್ಳು ನಿಮ್ಮತ್ತೆ. ಅಣ್ಣಂಗಾದ್ರೆ ಊಟ ಆಗೋಯ್ತು, ನೋಡು!"

"ನೀವು ಸುಮ್ನಿರ್ರಿ," ಅಂದಳು ಅತ್ತೆ. ನನ್ನಿಂದ ಎಲ್ಲವನ್ನೂ ಬಿಡಿಸಿ ಬಿಡಿಸಿ ಕೇಳಿಸಿಕೊಂಡಳು: ಬಟ್ಟೆಯ ಮೇಲೆ ಒತ್ತುವುದು, ಬೀಜ ತೆಗೆಯುವುದು, ಉಪ್ಪು ಕೊನೆಗೆ ಹಾಕುವುದು, ಚೀಸಿನ ಕವರು ಬಿಚ್ಚುವುದು. ನಾನು ಇನ್ನೊಂದು ಸೂಚನೆಯನ್ನೂ ಕೊಟ್ಟೆ. ಎಲ್ಲವನ್ನೂ ಹಜಾರದಲ್ಲೇ, ಅಪ್ಪನ ಕಣ್ಣೆದುರೇ ಜೋಡಿಸಬೇಕು. ಸಾಕ್ಷ್ಯ ಬಹಿರಂಗವಾಗಿರಬೇಕು.

ಭಾನುವಾರ ಬಸ್ಸಿನಲ್ಲಿ ಅಪ್ಪ ಕಿಟಕಿ ಪಕ್ಕ ಕೂತು ಸೀರೆಯ ಚೀಲವನ್ನು ತೊಡೆಯ ಮೇಲಿಟ್ಟುಕೊಂಡಿದ್ದ. ಕಂಡಕ್ಟರು ನನಗೆ ಉಚಿತದ ಟಿಕೆಟು ಹರಿದು ಕೊಟ್ಟಾಗ, ಹೆಂಗಸರಿಗೆ ಹೀಗೆ ಕೊಡುವುದು ಸರಿಯೋ ತಪ್ಪೋ ಎಂಬ ಚರ್ಚೆಗೆ ಕರೆದ. ಪರವಾಗಿ ಮಾತಾಡಿ ಗೆದ್ದೆ. ಅಪ್ಪನ ಮನಸ್ಸು ಅದರಲ್ಲಿರಲಿಲ್ಲ. ಊರು ಹತ್ತಿರವಾಗುತ್ತಿದ್ದ ಹಾಗೆ, "ಬ್ರೌನ್ ಬ್ರೆಡ್ಡೇ ತರಿಸಿದಾಳೆ ತಾನೆ?" ಎಂದು ಕೇಳಿದ. ಸ್ವಲ್ಪ ಹೊತ್ತಾದ ಮೇಲೆ ಮತ್ತೆ ಅದನ್ನೇ ಕೇಳಿದ.

ಸೆಲ್ವಮಾಮ ಗೇಟಿನಲ್ಲೇ ನಿಂತಿದ್ದರು. "ಬನ್ನಿ ಭಾವ, ಬನ್ನಿ. ಬಸ್ಸಲ್ಲಿ ಸೀಟು ಸಿಕ್ತಾ?"

"ಸಿಕ್ತು. ನೀವು ಹೇಗಿದೀರಿ?"

ಪ್ರತಿವರ್ಷ ಇವರಿಬ್ಬರ ಸಂಭಾಷಣೆ ಇಷ್ಟೇ. ಎರಡು ದೇಶಗಳ ರಾಯಭಾರಿಗಳೂ ಇದಕ್ಕಿಂತ ಸಲಿಗೆಯಿಂದ ಮಾತಾಡುತ್ತಾರೆ.

ಅತ್ತೆ ಸೀರೆ ತೆಗೆದುಕೊಂಡು ಕಣ್ಣಿಗೊತ್ತಿಕೊಂಡು, ಅಪ್ಪನ ಕಾಲಿಗೆ ನಮಸ್ಕಾರ ಮಾಡಿದಳು. ಹಜಾರದ ಟೀಪಾಯಿಯ ಮೇಲೆ ನನ್ನ ಸೂಚನೆಯಂತೆ ಎಲ್ಲವೂ ಸಿದ್ಧವಾಗಿತ್ತು. ಬಿಳಿ ಬಟ್ಟೆಯ ಮೇಲೆ ಸೌತೆಕಾಯಿ, ಟೊಮೆಟೊ, ಕ್ಯಾರೆಟ್ ತುರಿ, ಬೆಣ್ಣೆಯ ಬಟ್ಟಲು, ಚಟ್ನಿಯ ಬಟ್ಟಲು, ಉಪ್ಪಿನ ಬಟ್ಟಲು. ನಾನು ಪಕ್ಕದಲ್ಲಿ ನಿಂತು ಮೇಲ್ವಿಚಾರಣೆ ಮಾಡಿದೆ. ಅತ್ತೆ ಬೆಣ್ಣೆಯನ್ನು ಮೂಲೆ ಮೂಲೆಗೂ ಸವರಿದಳು, ಬಿಲ್ಲೆಗಳನ್ನು ಒಂದರ ಅಂಚಿಗೆ ಒಂದು ಕೂರುವಂತೆ ಹೊದಿಸಿದಳು, ಚೀಸಿನ ಕವರು ಬಿಚ್ಚಿ ಅಪ್ಪನಿಗೆ ಕಾಣುವಂತೆ ಪಕ್ಕಕ್ಕಿಟ್ಟಳು. ಮೇಲಿನ ಬ್ರೆಡ್ಡು ಮುಚ್ಚಿ ಅಂಗೈಯಲ್ಲಿ ಮೆಲ್ಲಗೆ ಒತ್ತಿದಳು. ಅಪ್ಪ ರೆಪ್ಪೆ ಬಡಿಯದೆ ನೋಡುತ್ತಿದ್ದ. ಇನ್ನೇನು ತಟ್ಟೆ ಅವನ ಕೈಗೆ ಹೋಗಬೇಕು.

"ಅಯ್ಯೋ, ಉಪ್ಪು ಒಳಗೇ ಉಳೀತು. ತರ್ತೀನಿ ಇರಿ," ಎಂದು ಅತ್ತೆ ತಟ್ಟೆಯ ಸಮೇತ ಎದ್ದು ಅಡುಗೆಮನೆಗೆ ಹೋದಳು.

ಉಪ್ಪು ಟೀಪಾಯಿಯ ಮೇಲೇ ಇದೆಯಲ್ಲ ಎಂದು ನಾನು ಬಾಯಿ ತೆರೆಯುವಷ್ಟರಲ್ಲಿ ಒಳಗಿನಿಂದ ಲೈಟರಿನ ಟಿಕ್ ಸದ್ದು ಕೇಳಿತು. ಹಿಂದೆಯೇ ಕಬ್ಬಿಣದ ಕಾವಲಿ ಒಲೆಯ ಮೇಲೆ ಕೂತ ಸದ್ದು.

ನನ್ನ ವಾದದ ಅಡಿಪಾಯಕ್ಕೆ ಯಾರೋ ಗುದ್ದಲಿ ಹಾಕಿದ ಹಾಗಾಯಿತು. ಸೆಲ್ವಮಾಮ ತಲೆ ಎತ್ತಿ ಫ್ಯಾನನ್ನು ನೋಡತೊಡಗಿದರು. ನಾನು ಗಟ್ಟಿ ದನಿಯಲ್ಲಿ, "ಅಪ್ಪಾ, ಈ ವರ್ಷ ಭದ್ರಾ ಡ್ಯಾಮು ಬೇಗ ತುಂಬ್ತು ಅಲ್ವಾ?" ಅಂದೆ. ಅಪ್ಪ ಹೂಂ ಅಂದ. ಅಷ್ಟರಲ್ಲಿ ತುಪ್ಪ ಕಾದ ವಾಸನೆ ಬಂತು. ನಾನು ಇನ್ನೂ ಗಟ್ಟಿಯಾಗಿ ಡ್ಯಾಮಿನ ಗೇಟು, ಕಾಲುವೆ, ಬೇಸಿಗೆ ಬೆಳೆಗೆ ನೀರು ಎಂದು ಒದರತೊಡಗಿದೆ. ಮಾತಿನಿಂದ ವಾಸನೆ ಮುಚ್ಚಲು ಹೊರಟ ಚರ್ಚಾಪಟು ನನಗಿಂತ ಮೊದಲು ಯಾರೂ ಇದ್ದಿರಲಾರರು. ಬ್ರೆಡ್ಡು ಕೆಂಪಗಾಗುವ ಘಮ ಬಾಗಿಲು ದಾಟಿ ಹಜಾರಕ್ಕೆ ಬಂದು ಅಪ್ಪನ ಪಕ್ಕದ ಕುರ್ಚಿಯಲ್ಲೇ ಕೂತಿತು. ಕೋಟೆಯ ಬೀದಿಯಲ್ಲಿ ಇಂಗು ಅಳೆದ ಮೂಗು ಅದು. ಅಪ್ಪ ಒಮ್ಮೆ ಉಸಿರು ಒಳಗೆಳೆದುಕೊಂಡ. ಏಳಲಿಲ್ಲ.

ಅತ್ತೆ ಬಂದಳು. ತಟ್ಟೆಯಲ್ಲಿ ಸ್ಯಾಂಡ್‌ವಿಚ್ ಹೊಂಬಣ್ಣಕ್ಕೆ ತಿರುಗಿ, ಒಂದು ಅಂಚು ಕಪ್ಪಗಾಗಿ, ಪಕ್ಕದಿಂದ ಚೀಸು ಕರಗಿ ಇಳಿಯುತ್ತಿತ್ತು. ಟೀಪಾಯಿಯ ಮೇಲಿಟ್ಟು ಸೆರಗಿನ ತುದಿ ಹಿಡಿದು ನಿಂತಳು.

"ನಿಂಗೆ ಹಸಿ ಬ್ರೆಡ್ಡು ಆಗಲ್ಲ ಅಣ್ಣ. ಜ್ವರ ಬಂದಾಗ ಬಾಯಿಗೆ ಅಂಟುತ್ತೆ ಅಂತ ಉಗುಳ್ತಿದ್ದೆ. ನಾನೇ ಕೆಂಡದ ಮೇಲೆ ಸುಟ್ಟು ತಂದು ಕೊಡ್ತಿರ್ಲಿಲ್ವಾ?" ಅಂದಳು. ಕೊನೆಕೊನೆಗೆ ದನಿ ಬಹಳ ಸಣ್ಣದಾಯಿತು. "ಕೊಡೋ ಹೊತ್ತಿಗೆ ನೆನಪಾಯ್ತು. ಹಸೀದು ಕೊಡೋಕೆ ಕೈ ಬರ್ಲಿಲ್ಲ."

ಇನ್ನು ಮಾತಾಡಬೇಕಾದವಳು ನಾನೇ ತಾನೆ? ಎದ್ದು ನಿಂತೆ.

"ಅಪ್ಪಾ, ಒಂದು ಅಂಶ ಗಮನಿಸಬೇಕು. ಬೇಯಿಸೋದು ಬೇರೆ, ಬಿಸಿ ಮಾಡೋದು ಬೇರೆ. ಬ್ರೆಡ್ಡು ಬೇಕರಿಲೇ ಬೆಂದಾಗಿದೆ. ಒಂದು ಸಲ ಬೆಂದದ್ದು ಇನ್ನೊಂದು ಸಲ ಬೇಯೋದಕ್ಕೆ ಸಾಧ್ಯಾನೇ ಇಲ್ಲ. ಹಾಗಾಗಿ ತಾತ್ವಿಕವಾಗಿ ಇದು ಇನ್ನೂ..."

"ಪುಟ್ಟಿ, ಸ್ವಲ್ಪ ಬಾಯಿ ಮುಚ್ಕೊಂಡು ಕೂತ್ಕೋ ಮಾರಾಯ್ತಿ," ಅಂದ ಅಪ್ಪ. "ಆರಿಹೋಗುತ್ತೆ."

ತಟ್ಟೆ ಎತ್ತಿಕೊಂಡ. ಕಪ್ಪಗಾದ ಅಂಚಿನ ಕಡೆಯಿಂದಲೇ ಕಚ್ಚಿದ. ಕರುಂ ಎಂಬ ಸದ್ದು ಹಜಾರಕ್ಕೆಲ್ಲ ಕೇಳಿಸಿತು. ಅತ್ತೆ ಅವನ ಬಾಯನ್ನೇ ನೋಡುತ್ತಿದ್ದಳು, ಸೆಲ್ವಮಾಮ ಅತ್ತೆಯನ್ನು ನೋಡುತ್ತಿದ್ದರು. ನನ್ನ ತಲೆಯಲ್ಲಿ ಉಳಿದಿದ್ದ ತಾತ್ವಿಕ ಅಂಶಗಳು ಒಂದೊಂದಾಗಿ ಕೆಲಸವಿಲ್ಲದೆ ಎದ್ದುಹೋದವು.

ಅಪ್ಪ ನುಂಗಿದ. ಹುಬ್ಬು ಗಂಟಿಕ್ಕಿದ.

"ಏನೇ ಗಿರಿಜಾ, ಉಪ್ಪು ತರ್ತೀನಿ ಅಂತ ಹೋದೆ. ಇದಕ್ಕೆ ಉಪ್ಪೇ ಇಲ್ವಲ್ಲೇ!"

ಇಷ್ಟು ವರ್ಷ ಆ ಮನೆಯಲ್ಲಿ ಅಪ್ಪ ಒಂದಕ್ಕೂ ಕೊಂಕು ತೆಗೆದವನಲ್ಲ. ಹಣ್ಣು ಚೆನ್ನಾಗಿದೆ ಎನ್ನುತ್ತಿದ್ದ, ಎದ್ದು ಬರುತ್ತಿದ್ದ. ನಮ್ಮ ಮನೆಯಲ್ಲಾದರೆ ಅಮ್ಮನ ಸಾರಿಗೆ ಹುಳಿ ಹೆಚ್ಚು, ಪಲ್ಯಕ್ಕೆ ಖಾರ ಕಮ್ಮಿ ಎಂದು ರೇಗದೆ ಒಂದು ಊಟವೂ ಮುಗಿಸುವವನಲ್ಲ. ಅತ್ತೆಗೆ ಆ ರೇಗಾಟ ನನಗಿಂತ ಮೊದಲಿನಿಂದ ಗೊತ್ತು.

"ನಿಂಗೆ ಯಾವಾಗ್ಲೂ ಒಂದು ತಕರಾರು ಇದ್ದೇ ಇರುತ್ತೆ, ಅಲ್ವಾ?" ಎಂದು ಸಿಡುಕಿದಳು. ಸಿಡುಕಿನ ಅರ್ಧಕ್ಕೇ ಅವಳ ದನಿ ಒಡೆಯಿತು. "ತರ್ತೀನಿ ಇರು," ಎಂದು ತಿರುಗಿ ಅಡುಗೆಮನೆಗೆ ಹೋದಳು.

ಉಪ್ಪಿನ ಬಟ್ಟಲು ಟೀಪಾಯಿಯ ಮೇಲೆ, ಅಪ್ಪನ ಮೊಣಕೈ ಪಕ್ಕದಲ್ಲೇ ಇತ್ತು. ನಾನು ನೋಡಿದೆ. ಸೆಲ್ವಮಾಮ ನೋಡಿದರು. ಅಪ್ಪನೂ ನೋಡಿದ. ಎದುರಿಗಿರುವ ಸಾಕ್ಷ್ಯವನ್ನು ಎತ್ತಿ ತೋರಿಸದೆ ಬಿಟ್ಟವಳು ನಾನಲ್ಲ. ಅಂದು ಮಾತ್ರ ಕೈಕಟ್ಟಿ ಕೂತೆ. ಅಪ್ಪ ಉಪ್ಪಿಲ್ಲದ್ದನ್ನೇ ಇನ್ನೊಂದು ತುಂಡು ಕಚ್ಚಿದ. ಒಳಗೆ ಡಬ್ಬಿಗಳ ಮುಚ್ಚಳ ತೆಗೆದು ಹಾಕುವ ಸದ್ದು ಕೇಳುತ್ತಿತ್ತು. ಅತ್ತೆ ಬಹಳ ಹೊತ್ತು ಉಪ್ಪು ಹುಡುಕಿದಳು.